ಇಂಟರ್‌ನೆಟ್ ಇಲ್ಲದ ಸಂಘದ ಕಂಪ್ಯೂಟರಿಗೂ ಕನ್ನಡ



ನೀವು ಎರಡು ಹೊತ್ತು ಹಾಕುವ ಹಾಲಿನ ಲೆಕ್ಕ ಈಗ ಅನೇಕ ಸಂಘಗಳಲ್ಲಿ ಕಂಪ್ಯೂಟರಿನಲ್ಲಿದೆ. ಅದರ ಪರದೆ ಇಂಗ್ಲಿಷಿನಲ್ಲಿದ್ದರೆ ಅದನ್ನು ನಡೆಸಬಲ್ಲವರು ಊರಿಗೆ ಒಬ್ಬಿಬ್ಬರು. ಅವರು ರಜೆ ಹಾಕಿದ ದಿನ ನಿಮ್ಮ ಲೆಕ್ಕ ನಿಲ್ಲುತ್ತದೆ. ಸಂಘದಲ್ಲಿ ಇಂಟರ್‌ನೆಟ್ ಇಲ್ಲದಿದ್ದರೂ ಪರದೆಯನ್ನು ಕನ್ನಡಕ್ಕೆ ತರಬಹುದು.

ಭಾಷಾ ಪ್ಯಾಕ್ ಎಂದರೇನು?

ವಿಂಡೋಸ್‌ನ ಪಟ್ಟಿ, ಸೂಚನೆ, ಎಚ್ಚರಿಕೆಗಳನ್ನು ಕನ್ನಡದಲ್ಲಿ ತೋರಿಸುವ ಕಡತವೇ ಭಾಷಾ ಪ್ಯಾಕ್. ವಿಂಡೋಸ್ 10 ಮತ್ತು 11ರಲ್ಲಿ ಕನ್ನಡ ಅಕ್ಷರ, ಕೀಲಿಮಣೆ ಮೊದಲೇ ಇರುತ್ತವೆ. ಪರದೆಯ ಭಾಷೆಗೆ ಮಾತ್ರ ಪ್ಯಾಕ್ ಬೇಕು.

ಅಳವಡಿಸುವ ಕ್ರಮ

1. ವಿಂಡೋಸ್ ಕೀಲಿ ಮತ್ತು 'ಆರ್' ಕೀಲಿ ಒಟ್ಟಿಗೆ ಒತ್ತಿ, 'ವಿನ್‌ವರ್' ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದು ಎಂಟರ್ ಒತ್ತಿರಿ. ಕಾಣುವ ಆವೃತ್ತಿಯನ್ನು ಬರೆದಿಟ್ಟುಕೊಳ್ಳಿ. 'ಸಿಂಗಲ್ ಲ್ಯಾಂಗ್ವೇಜ್' ಎಂದಿದ್ದರೆ ಮೊದಲು ತಂತ್ರಜ್ಞರನ್ನು ವಿಚಾರಿಸಿ.

2. ಇಂಟರ್‌ನೆಟ್ ಇರುವ ಕಡೆ ಮೈಕ್ರೋಸಾಫ್ಟ್ ಕೊಡುವ, ಅದೇ ಆವೃತ್ತಿಗೆ ಸೇರಿದ ಕನ್ನಡ ಪ್ಯಾಕನ್ನು ಅದರ ಪರವಾನಗಿ ಕಡತದ ಸಮೇತ ಪೆನ್‌ಡ್ರೈವ್‌ಗೆ ತುಂಬಿಸಿ.

3. ಸಂತೆಯಿಂದ ತಂದ ಹಸುವನ್ನು ನೇರವಾಗಿ ಕೊಟ್ಟಿಗೆಗೆ ಕಟ್ಟುವುದಿಲ್ಲವಷ್ಟೆ? ಪೆನ್‌ಡ್ರೈವ್‌ಗೂ ಅದೇ ನಿಯಮ. ಮೊದಲು ವೈರಸ್ ತಪಾಸಣೆ ಆಗಲಿ.

4. ಹಾಲಿನ ಲೆಕ್ಕದ ಪ್ರತಿಯೊಂದನ್ನು ಬೇರೆಡೆ ಉಳಿಸಿ. ಈ ಕೆಲಸ ಬಟವಾಡೆಯ ದಿನ ಬೇಡ. ಬೆಳಗಿನ ಮತ್ತು ಸಂಜೆಯ ಹಾಲಿನ ನಡುವಿನ ವೇಳೆ ಸೂಕ್ತ.

5. ಪ್ಯಾಕನ್ನು ಪವರ್‌ಶೆಲ್ ಮೂಲಕ ತಂತ್ರಜ್ಞರಿಂದಲೇ ಹಾಕಿಸಿ. ಬಳಿಕ ಸೆಟ್ಟಿಂಗ್ಸ್‌ನ 'ಟೈಮ್ ಅಂಡ್ ಲ್ಯಾಂಗ್ವೇಜ್' ವಿಭಾಗದಲ್ಲಿ ಪರದೆಯ ಭಾಷೆಯಾಗಿ ಕನ್ನಡವನ್ನು ಆರಿಸಿ, ಸೈನ್ ಔಟ್ ಮಾಡಿ ಮತ್ತೆ ಪ್ರವೇಶಿಸಿ.

ಕನ್ನಡ ಪ್ಯಾಕ್ ಇಂಗ್ಲಿಷಿನ ಆಧಾರದ ಮೇಲೆ ಕೂರುವಂಥದು. ಆದ್ದರಿಂದ ಇಂಗ್ಲಿಷನ್ನು ತೆಗೆದುಹಾಕಬಾರದು. ಅಲ್ಲಲ್ಲಿ ಇಂಗ್ಲಿಷ್ ಪದ ಉಳಿದರೆ ಗಾಬರಿ ಬೇಡ.

ಚೀಟಿಯ ಭಾಷೆ ಬೇರೆ

ಪ್ಯಾಕ್ ಹಾಕಿದ ಮಾತ್ರಕ್ಕೆ ನಿಮ್ಮ ಕೈಗೆ ಬರುವ ಹಾಲಿನ ಚೀಟಿ ಕನ್ನಡವಾಗುವುದಿಲ್ಲ. ಚೀಟಿಯನ್ನು ಮುದ್ರಿಸುವುದು ಹಾಲು ಸಂಗ್ರಹಣೆಯ ತಂತ್ರಾಂಶ. ಅದರಲ್ಲಿ ಕನ್ನಡದ ಆಯ್ಕೆ ಇದೆಯೇ ಎಂದು ತಂತ್ರಾಂಶ ಒದಗಿಸಿದವರನ್ನೇ ಕೇಳಬೇಕು.

ಅಳವಡಿಸುವ ಕೆಲಸ ಕಾರ್ಯದರ್ಶಿಯವರದು. ಕೇಳುವ ಹಕ್ಕು ನಿಮ್ಮದು. ಲೀಟರ್, ಜಿಡ್ಡು, ಎಸ್.ಎನ್.ಎಫ್., ದರ ಈ ನಾಲ್ಕನ್ನೂ ಯಾರ ಸಹಾಯವಿಲ್ಲದೆ ನೀವೇ ಓದುವಂತಾಗಬೇಕು. ಮುಂದಿನ ಸಾಮಾನ್ಯ ಸಭೆಯಲ್ಲಿ ಈ ವಿಷಯವನ್ನು ತಪ್ಪದೆ ಎತ್ತಿರಿ.