ಬೆಳಗಿನ ಬಟ್ಟಲಿಗೆ ರಾಗಿ ಹುರಿಹಿಟ್ಟು

ಹುರಿಹಿಟ್ಟಿನ ಕೆಲಸ ಹಿಂದಿನ ರಾತ್ರಿಯೇ ಶುರುವಾಗಬೇಕು. ನಾನು ಮೊದಲ ಸಲ ಮಾಡಿದಾಗ ಇದು ಗೊತ್ತಿರಲಿಲ್ಲ. ಬಾಣಲೆ ಕಾಯಿಸಿ ಡಬ್ಬದಲ್ಲಿದ್ದ ಒಣ ರಾಗಿಯನ್ನು ಹಾಗೇ ಸುರಿದೆ. ನಾಲ್ಕೈದು ಕಾಳು ಚಟಪಟ ಅಂದು ಸುಮ್ಮನಾದವು, ಉಳಿದದ್ದೆಲ್ಲ ಸೀದು ಕರಿಕಾಯಿತು, ಮನೆ ತುಂಬ ಹೊಗೆ. ಹೊಸಹೊಳಲಿನ ನೆಂಟರ ಮನೆಯಲ್ಲಿ ಇದನ್ನು ಹೇಳಿಕೊಂಡೆ. ಆ ಮನೆಯ ಅಜ್ಜಿ ನಕ್ಕು, “ಒಣರಾಗಿ ಎಲ್ಲಾದ್ರೂ ಅರಳ್ತದೇನವ್ವ? ಮಜ್ಜಿಗೆ ಕುಡ್ಸಿ ಮಲಗಿಸ್ಬೇಕು ಕಣವ್ವ” ಅಂದರು. ಮಾರನೆಯ ಬೆಳಿಗ್ಗೆ ಮಾಡಿಯೂ ತೋರಿಸಿದರು.

ಇಡೀ ಧಾನ್ಯ, ಹಣ್ಣು, ಬೀಜ ಸೇರಿಸಿ ಬಟ್ಟಲಲ್ಲಿ ಕಲಸಿ ತಿನ್ನುವ ಬೆಳಗಿನ ತಿಂಡಿ ಈಗ ಮ್ಯೂಸ್ಲಿ ಎಂಬ ಹೆಸರಿನಲ್ಲಿ ಪೊಟ್ಟಣದಲ್ಲಿ ಬರುತ್ತದೆ. ಅದಕ್ಕೂ ಒಂದು ಕಥೆಯಿದೆ. 1900ರ ಆಸುಪಾಸಿನಲ್ಲಿ ಸ್ವಿಟ್ಜರ್ಲೆಂಡಿನ ವೈದ್ಯ ಮ್ಯಾಕ್ಸಿಮಿಲಿಯನ್ ಬಿರ್ಚರ್-ಬೆನ್ನರ್ ಜ್ಯೂರಿಕ್‌ನಲ್ಲಿದ್ದ ತಮ್ಮ ಆರೋಗ್ಯಧಾಮದ ರೋಗಿಗಳಿಗೆ ಇದನ್ನು ಕೊಡುತ್ತಿದ್ದರು. ಅವರ ಬಟ್ಟಲಲ್ಲಿ ರಾತ್ರಿ ನೆನೆಸಿದ ಓಟ್ಸ್ ಇರುತ್ತಿದ್ದುದು ಒಂದೇ ಚಮಚ. ಮಿಕ್ಕಿದ್ದು ಸಿಪ್ಪೆ ಸಮೇತ ತುರಿದ ಸೇಬು, ನಿಂಬೆರಸ, ಹಾಲು, ಒಂದಿಷ್ಟು ಬೀಜ. ಹಣ್ಣೇ ಹೆಚ್ಚು, ಧಾನ್ಯ ಕಡಿಮೆ. ಇವತ್ತಿನ ಪೊಟ್ಟಣದಲ್ಲಿ ಲೆಕ್ಕ ಎಷ್ಟೋ ಸಲ ತಿರುಗುಮುರುಗು. ಹಿಂಬದಿಯ ಪಟ್ಟಿ ನೋಡಿ: ಯಾವುದರ ತೂಕ ಹೆಚ್ಚೋ ಅದರ ಹೆಸರು ಮೊದಲು ಬರಬೇಕೆಂಬುದು ನಿಯಮ. ಸಕ್ಕರೆ ಮೂರನೆಯದೋ ನಾಲ್ಕನೆಯದೋ ಆಗಿ ಕೂತಿದ್ದರೆ ಪೊಟ್ಟಣವನ್ನು ವಾಪಸ್ ಇಟ್ಟುಬಿಡಿ.

ನಮಗೆ ಓಟ್ಸ್ ಬೇಕಿಲ್ಲ, ರಾಗಿಯಿದೆ. ಮಂಡ್ಯ ಎಂದೊಡನೆ ನೆನಪಾಗುವುದು ಕಬ್ಬು, ಭತ್ತ. ಆದರೆ ನಾಲೆ ನೀರು ಹತ್ತದ ನಾಗಮಂಗಲದ ಹೊಲಗಳಲ್ಲಿ, ಕೆ.ಆರ್. ಪೇಟೆಯ ಬೆದ್ದಲಿನಲ್ಲಿ ಮಳೆ ನಂಬಿದವರ ಬೆಳೆ ಇವತ್ತಿಗೂ ರಾಗಿಯೇ. ಭಾರತದ ತಳಿಗೂ ಆಫ್ರಿಕಾದ ತಳಿಗೂ ಸಂಕರ ಮಾಡಿ ‘ಇಂಡಾಫ್’ ರಾಗಿ ತಳಿಗಳನ್ನು ಕೊಟ್ಟ ಲಕ್ಷ್ಮಣಯ್ಯನವರು ಕೆಲಸ ಮಾಡಿದ್ದು ಇದೇ ಜಿಲ್ಲೆಯ ವಿ.ಸಿ. ಫಾರಂನಲ್ಲಿ. ಜನ ಅವರನ್ನು ‘ರಾಗಿ ಬ್ರಹ್ಮ’ ಎಂದೇ ಕರೆದರು.

ರಾಗಿಯ ಇನ್ನೊಂದು ಗುಣ ಅಡುಗೆಮನೆಗೆ ಸಂಬಂಧಿಸಿದ್ದು. ಕಾಳು ಬಹಳ ಚಿಕ್ಕದು, ಮೇಲಿನ ಸಿಪ್ಪೆ ಒಳತಿರುಳಿಗೆ ಅಂಟಿಕೊಂಡೇ ಇರುತ್ತದೆ. ಅಕ್ಕಿಯ ಹಾಗೆ ಪಾಲಿಶ್ ಮಾಡಲು ಹೋದರೆ ತಿರುಳೇ ಪುಡಿಯಾಗುತ್ತದೆ. ಹಾಗಾಗಿ ರಾಗಿಯನ್ನು ತವುಡು, ಮೊಳಕೆ, ತಿರುಳು ಮೂರೂ ಸೇರಿಸಿಯೇ ತಿನ್ನುತ್ತ ಬಂದಿದ್ದೇವೆ. ಕೂಸಿಗೆ ರಾಗಿ ಸರಿ ಮಾಡುವಾಗ ಹಿಟ್ಟನ್ನು ಬಟ್ಟೆಯಲ್ಲಿ ಸೋಸುತ್ತಾರಲ್ಲ, ಆಗ ಮಾತ್ರ ಸಿಪ್ಪೆ ಹೊರಗೆ ಹೋಗುತ್ತದೆ. ದೊಡ್ಡವರ ಬಟ್ಟಲಿಗೆ ಸೋಸುವ ಕೆಲಸ ಬೇಡ.

ರಾತ್ರಿ ಮಾಡುವ ಕೆಲಸ

ಒಂದು ಕೆ.ಜಿ. ರಾಗಿ ಸಾಕು. ಇಬ್ಬರಿರುವ ಮನೆಗೆ ಹತ್ತು ಹನ್ನೆರಡು ದಿನ ಬರುತ್ತದೆ. ಕಣದ ರಾಗಿಯಾಗಲಿ, ರಸ್ತೆಯ ಮೇಲೆ ಒಕ್ಕಿದ್ದಾಗಲಿ, ಕಲ್ಲು ಮಣ್ಣು ಇದ್ದೇ ಇರುತ್ತದೆ. ಎರಡು ಮೂರು ನೀರಿನಲ್ಲಿ ತೊಳೆದು, ಜಾಲಿಸಿ ಕಲ್ಲು ತೆಗೆದು, ಬಿಸಿಲಲ್ಲಿ ಗರಿಗರಿಯಾಗಿ ಒಣಗಿಸಿ. ಇದನ್ನು ವಾರ ಮೊದಲೇ ಮಾಡಿಟ್ಟುಕೊಂಡರೂ ಆದೀತು.

ಹುರಿಯುವ ಹಿಂದಿನ ರಾತ್ರಿ ಈ ಒಣ ರಾಗಿಗೆ 100 ಮಿ.ಲೀ. ನೀರು ಮಜ್ಜಿಗೆ, ಅಂದರೆ ಅರ್ಧ ಲೋಟ, ಚಿಮುಕಿಸಿ. ಒಂದೇ ಕಡೆ ಸುರಿಯಬೇಡಿ. ಚಿಮುಕಿಸುತ್ತ, ಕೈಯಲ್ಲಿ ತಿಕ್ಕುತ್ತ, ಎಲ್ಲ ಕಾಳಿಗೂ ತಾಗುವ ಹಾಗೆ ನೋಡಿಕೊಳ್ಳಿ. ಮಜ್ಜಿಗೆ ಇಲ್ಲದಿದ್ದರೆ ಬರೀ ನೀರಾದರೂ ಆದೀತು. ಆಮೇಲೆ ಬಟ್ಟೆಯಲ್ಲಿ ಗಂಟು ಕಟ್ಟಿ, ಪಾತ್ರೆಯಲ್ಲಿಟ್ಟು ಮುಚ್ಚಿ. ಬೆಳಿಗ್ಗೆ ಹಿಡಿ ರಾಗಿಯನ್ನು ಅದುಮಿ ಬಿಟ್ಟರೆ ಅದು ಉದುರುದುರಾಗಿ ಬೀಳಬೇಕು, ಅಂಗೈಯಲ್ಲಿ ತೇವದ ತಂಪು ಮಾತ್ರ ಉಳಿಯಬೇಕು. ಅಂಟಿಕೊಂಡರೆ ನೀರು ಹೆಚ್ಚಾಗಿದೆ ಎಂದರ್ಥ; ನೆರಳಲ್ಲಿ ಅರ್ಧ ಗಂಟೆ ಹರಡಿ.

ಈ ತೇವಕ್ಕೇಕೆ ಇಷ್ಟು ಮಹತ್ವ? ಕಾಳಿನೊಳಗಿನ ನೀರು ಸುಡುವ ಶಾಖಕ್ಕೆ ಒಮ್ಮೆಲೇ ಆವಿಯಾಗಿ ತಿರುಳನ್ನು ಹೊರಕ್ಕೆ ನೂಕುತ್ತದೆ. ಅರಳುವುದೆಂದರೆ ಅದೇ. ನೀರು ಸಾಲದಿದ್ದರೆ ಕಾಳು ಸುಮ್ಮನೆ ಸೀಯುತ್ತದೆ, ಹೆಚ್ಚಾದರೆ ಬೇಯುತ್ತದೆ.

ಹುರಿಯುವುದು

ಹಳೆಯ ಕ್ರಮದಲ್ಲಿ ಮರಳು ಬೇಕು. ತೊಳೆದು ಒಣಗಿಸಿ ಜರಡಿ ಹಿಡಿದ ಸಣ್ಣ ಮರಳನ್ನು ಕಬ್ಬಿಣದ ಬಾಣಲೆಗೋ ಮಡಕೆಗೋ ಹಾಕಿ ಚೆನ್ನಾಗಿ ಕಾಯಿಸುತ್ತಾರೆ. ನಾಲ್ಕು ಕಾಳು ಎಸೆದರೆ ತಕ್ಷಣ ಅರಳಬೇಕು. ಒಂದು ಉಸಿರಿನಷ್ಟು ತಡವಾದರೂ ಮರಳಿನ್ನೂ ಕಾದಿಲ್ಲ. ಕಾದ ಮೇಲೆ ಒಂದು ಹಿಡಿ, ಬರೀ ಒಂದೇ ಹಿಡಿ ರಾಗಿ ಹಾಕಿ, ತುದಿಗೆ ಬಟ್ಟೆ ಸುತ್ತಿದ ಕೋಲಿನಿಂದ ಬಿಡದೆ ತಿರುವಬೇಕು. ಹದಿನೈದು ಇಪ್ಪತ್ತು ಸೆಕೆಂಡಿನಲ್ಲಿ ಬಿಳಿ ಹೂವಾಗಿ ನಿಲ್ಲುತ್ತದೆ. ತಕ್ಷಣ ಜರಡಿಗೆ ಸುರಿದರೆ ಮರಳು ಕೆಳಗಿಳಿದು ಅರಳು ಮೇಲುಳಿಯುತ್ತದೆ. ಆ ಮರಳು ಮತ್ತೆ ಬಾಣಲೆಗೆ.

ಗ್ಯಾಸ್ ಒಲೆ ಇರುವ ಮನೆಯಲ್ಲಿ ಮರಳಿನ ಗೋಜು ಯಾರಿಗೂ ಬೇಡ. ನಾನೂ ಈಗ ಮರಳಿಲ್ಲದೆಯೇ ಹುರಿಯುತ್ತೇನೆ. ದಪ್ಪ ತಳದ ಬಾಣಲೆಯನ್ನು ದೊಡ್ಡ ಉರಿಯಲ್ಲಿ ಐದು ನಿಮಿಷ ಕಾಯಿಸಿ, ಹಿಡಿಗಿಂತ ಕಡಿಮೆ ರಾಗಿ ಹಾಕಿ, ಅದೇ ಬಟ್ಟೆ ಸುತ್ತಿದ ಕೋಲಿನಲ್ಲಿ ಒತ್ತಿ ತಿರುವಬೇಕು. ಮರಳಿನಲ್ಲಿ ಹುರಿದಷ್ಟು ಚೆನ್ನಾಗಿ ಅರಳುವುದಿಲ್ಲ, ಅದು ನಿಜ. ಕಾಲುಭಾಗ ಕಾಳು ಅರಳದೆ ಬಿರಿದು ನಿಂತರೂ ಬೇಸರ ಬೇಡ, ಹುರಿದ ಪರಿಮಳ ಬಂದಿದ್ದರೆ ಹಿಟ್ಟಿಗೆ ಅದೂ ಸಲ್ಲುತ್ತದೆ. ನಾನ್‌ಸ್ಟಿಕ್ ಬಾಣಲೆ ಮಾತ್ರ ಬೇಡವೇ ಬೇಡ. ಇಷ್ಟು ಶಾಖಕ್ಕೆ ಅದರ ಲೇಪ ತಡೆಯುವುದಿಲ್ಲ.

ಅರಳು ಪೂರಾ ಆರಿದ ಮೇಲೆ ಎರಡು ಪಾಲು ಮಾಡಿ. ಮುಕ್ಕಾಲು ಪಾಲಿಗೆ 100 ಗ್ರಾಂ ಹುರಿಗಡಲೆ, ನಾಲ್ಕು ಏಲಕ್ಕಿ ಸೇರಿಸಿ ಮಿಕ್ಸಿಯಲ್ಲೋ ಹಿಟ್ಟಿನ ಮಿಷನ್‌ನಲ್ಲೋ ಪುಡಿ ಮಾಡಿಸಿ. ಮಿಷನ್‌ನವರಿಗೆ “ನುಣ್ಣಗೆ ಬೇಡ, ಸಣ್ಣ ರವೆ ಹದಕ್ಕೆ ಬಿಡಿ” ಎಂದು ಬಾಯಿಬಿಟ್ಟು ಹೇಳಬೇಕು. ಹೇಳದಿದ್ದರೆ ಪೌಡರ್ ಮಾಡಿಕೊಡುತ್ತಾರೆ. ನುಣುಪಾದ ಹುರಿಹಿಟ್ಟು ಬಾಯಲ್ಲಿ ಅಂಗಳಕ್ಕೆ ಅಂಟುತ್ತದೆ, ಹೊಟ್ಟೆಯಲ್ಲಿ ಬೇಗ ಕರಗುತ್ತದೆ. ಉಳಿದ ಕಾಲು ಪಾಲು ಅರಳನ್ನು ಪುಡಿ ಮಾಡದೆ ಹಾಗೇ ಡಬ್ಬಕ್ಕೆ ತುಂಬಿ. ಬಟ್ಟಲಿಗೆ ಕುರುಕುರು ಬರುವುದು ಅದರಿಂದ.

ಗಾಳಿಯಾಡದ ಡಬ್ಬದಲ್ಲಿ ತಿಂಗಳವರೆಗೆ ಕೆಡುವುದಿಲ್ಲ. ಬೀಜಗಳನ್ನು ಮೊದಲೇ ಬೆರೆಸಿ ಇಡಬೇಡಿ. ಅವುಗಳ ಎಣ್ಣೆಗೆ ಇಡೀ ಹಿಟ್ಟೇ ಕಮಟಾಗುತ್ತದೆ.

ಬಟ್ಟಲು, ಒಬ್ಬರಿಗೆ

ಹುರಿಹಿಟ್ಟು 40 ಗ್ರಾಂ (ಊಟದ ಚಮಚದಲ್ಲಿ ನಾಲ್ಕೈದು), ಇಡೀ ಅರಳು ಎರಡು ಚಮಚ, ಕಾಯಿಸಿ ಆರಿಸಿದ ಹಾಲು ಅಥವಾ ಕಡೆದ ಮೊಸರು 150 ಮಿ.ಲೀ., ಹೆಚ್ಚಿದ ಹಣ್ಣು ಒಂದೂವರೆ ಹಿಡಿ, ಹುರಿದ ಕಡಲೆಕಾಯಿ ಬೀಜ 15 ಗ್ರಾಂ, ಹುರಿದ ಎಳ್ಳು ಒಂದು ಟೀ ಚಮಚ.

ಹಾಲಿಗೆ ಹಿಟ್ಟು ಸುರಿದರೆ ಗಂಟು ಗ್ಯಾರಂಟಿ. ಮೊದಲು ಒಂದು ಏಲಕ್ಕಿ ಬಾಳೆಹಣ್ಣನ್ನು ಬಟ್ಟಲಲ್ಲೇ ಕೈಯಿಂದ ಕಿವುಚಿ, ಅದಕ್ಕೆ ಹುರಿಹಿಟ್ಟು ಹಾಕಿ ಕಲಸಿ. ಚಪಾತಿ ಹಿಟ್ಟಿನಂತೆ ಗಟ್ಟಿಯಾಗುತ್ತದೆ, ಆಗಲಿ. ಈಗ ಹಾಲನ್ನು ಚೂರು ಚೂರೇ ಬಿಡುತ್ತ ಸಡಿಲಿಸಿ. ಐದು ನಿಮಿಷ ಬಿಟ್ಟು ನೋಡಿದರೆ ಹಿಟ್ಟು ಹಾಲು ಕುಡಿದು ಮತ್ತೆ ಬಿಗಿದಿರುತ್ತದೆ. ಇನ್ನೆರಡು ಚಮಚ ಹಾಲು ಬೇಕಾಗುತ್ತದೆ. ಇದನ್ನು ಒಲೆಯ ಮೇಲಿಡುವ ಅಗತ್ಯವಿಲ್ಲ. ಅರಳುವಾಗಲೇ ರಾಗಿ ಬೆಂದಾಗಿದೆ.

ಹೊಸಹೊಳಲಿನ ಲಕ್ಷ್ಮೀನಾರಾಯಣ ದೇವಸ್ಥಾನ ನೋಡಿದವರಿಗೆ ಮುಂದಿನದನ್ನು ಹೇಳುವುದು ಸುಲಭ. ಹದಿಮೂರನೆಯ ಶತಮಾನದ ಆ ಹೊಯ್ಸಳ ಗುಡಿಯ ಹೊರಗೋಡೆಯ ಬುಡದಲ್ಲಿ ಆನೆಗಳ ಸಾಲು, ಅದರ ಮೇಲೆ ಕುದುರೆ, ಬಳ್ಳಿ ಎಂದು ಏರುತ್ತ ಹೋಗಿ ತುದಿಯಲ್ಲಿ ಹಂಸಗಳು ಬರುತ್ತವೆ. ಭಾರದ್ದು ಕೆಳಗೆ, ಹಗುರಾದದ್ದು ಮೇಲೆ. ನಮ್ಮ ಬಟ್ಟಲಲ್ಲೂ ಕಲಸಿದ ಹಿಟ್ಟು ತಳಕ್ಕೆ, ಹಣ್ಣು ನಡುವೆ, ಬೀಜ ಮತ್ತು ಇಡೀ ಅರಳು ಎಲ್ಲಕ್ಕೂ ಮೇಲೆ, ಅದೂ ತಿನ್ನಲು ಕೂರುವ ಹೊತ್ತಿಗೆ. ಮುಂಚೆಯೇ ಹಾಕಿದರೆ ಅರಳು ಮೆತ್ತಗಾಗಿ ಮುದ್ದೆಯಾಗುತ್ತದೆ.

ಬೆಲ್ಲದ ವಿಷಯಕ್ಕೆ ಬಂದರೆ ನಾನು ಜಗಳಕ್ಕೂ ಸಿದ್ಧ. ಬೆಲ್ಲದ ಸೀಮೆಯವರಾದ ನಾವು ಹುರಿಹಿಟ್ಟಿಗೆ ಹಿಟ್ಟಿನಷ್ಟೇ ಬೆಲ್ಲ ಬೆರೆಸಿ ಉಂಡೆ ಕಟ್ಟಿ ತಿಂದು ಬೆಳೆದವರು. ಹಾಗೆ ತಿಂದವರು ಆಮೇಲೆ ಹೊಲದಲ್ಲಿ ಸಂಜೆವರೆಗೆ ದುಡಿಯುತ್ತಿದ್ದರು. ಕುರ್ಚಿಯಲ್ಲಿ ಕೂರುವವರಿಗೆ ಬಾಳೆಹಣ್ಣಿನ ಸಿಹಿಯೇ ಧಾರಾಳ. ತೀರಾ ಬೇಕಾದರೆ ಒಂದು ಟೀ ಚಮಚ ಪುಡಿಬೆಲ್ಲ, ಅದಕ್ಕಿಂತ ಬೇಡ.

ಯಾವ ಹಣ್ಣು, ಯಾವ ಬೀಜ

ಸಂತೆಯಲ್ಲಿ ಆ ವಾರ ಏನು ಅಗ್ಗವೋ ಅದು. ಸೀಬೆಹಣ್ಣಿಗೆ ನನ್ನ ಮೊದಲ ಓಟು: 100 ಗ್ರಾಂ ಸೀಬೆಯಲ್ಲಿ 200 ಮಿ.ಗ್ರಾಂ.ಗೂ ಹೆಚ್ಚು ಸಿ ವಿಟಮಿನ್ ಇದೆ, ರಾಗಿಯ ಕಬ್ಬಿಣವನ್ನು ಮೈ ಹೀರಿಕೊಳ್ಳಲು ಅದು ನೆರವಾಗುತ್ತದೆ. ಪರಂಗಿ ಹಣ್ಣನ್ನು ಹಾಲಿನಲ್ಲಿ ಬಿಟ್ಟರೆ ಸ್ವಲ್ಪ ಹೊತ್ತಿಗೆ ಕಹಿಯಾಗುತ್ತದೆ, ಹಾಕಿದ ಕೂಡಲೇ ತಿನ್ನಿ. ದಾಳಿಂಬೆ, ನೇರಳೆ, ಹುಳಿ ಮಾವು ಇದ್ದ ದಿನ ಹಾಲಿಗಿಂತ ಮೊಸರು ವಾಸಿ. ಸೀತಾಫಲ, ಸಪೋಟ, ಹಲಸಿನ ತೊಳೆ ಹಾಕಿದ ದಿನ ಬೆಲ್ಲದ ಮಾತೇ ಇಲ್ಲ.

ಬಾದಾಮಿ, ಗೋಡಂಬಿ ಇದ್ದರೆ ಸರಿ, ಇಲ್ಲದಿದ್ದರೆ ಕೊರತೆಯೇನಿಲ್ಲ. ಕಡಲೆಕಾಯಿ ಬೀಜದಲ್ಲಿ ಬಾದಾಮಿಗಿಂತ ಕಡಿಮೆಯಿಲ್ಲದ ಪ್ರೋಟೀನ್ ಇದೆ. ಸಣ್ಣ ಉರಿಯಲ್ಲಿ ಹುರಿದು ಸಿಪ್ಪೆ ಸಮೇತ ಹಾಕಿ. ಮಳೆಗಾಲದಲ್ಲಿ ಬೂಸಲು ಹಿಡಿದ, ಮುರುಟಿದ, ಕಹಿ ಹೊಡೆಯುವ ಬೀಜವನ್ನು ನಿರ್ದಾಕ್ಷಿಣ್ಯವಾಗಿ ಎಸೆಯಿರಿ. ಆ ಬೂಸಲಿನ ವಿಷ ಹುರಿದರೆ ಹೋಗುವಂಥದ್ದಲ್ಲ. ಹುಚ್ಚೆಳ್ಳು ಹುರಿದು ಅರ್ಧ ಚಮಚ ಉದುರಿಸಿದರೆ ಘಮ ಬೇರೆಯೇ. ಅಗಸೆ ಬೀಜವನ್ನು ಪುಡಿ ಮಾಡಿಯೇ ಹಾಕಬೇಕು, ಇಡಿಯಾಗಿ ತಿಂದರೆ ಹೇಗೆ ಹೋಯಿತೋ ಹಾಗೇ ಹೊರಗೆ ಬರುತ್ತದೆ. ಸಿಹಿಗುಂಬಳದ ಬೀಜವನ್ನು ಪೇಟೆಯಲ್ಲಿ ದುಬಾರಿ ಬೆಲೆಗೆ ಕೊಳ್ಳುವ ನಾವು, ಮನೆಯ ಕುಂಬಳಕಾಯಿ ಹೆಚ್ಚಿದಾಗ ಬಂದದ್ದನ್ನು ತಿಪ್ಪೆಗೆ ಹಾಕುತ್ತೇವೆ!

ಇದರಲ್ಲಿ ಏನಿದೆ

ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ 2017ರಲ್ಲಿ ಪ್ರಕಟಿಸಿದ ಪಟ್ಟಿಯ ಪ್ರಕಾರ 100 ಗ್ರಾಂ ರಾಗಿಯಲ್ಲಿ 364 ಮಿ.ಗ್ರಾಂ. ಕ್ಯಾಲ್ಸಿಯಂ, 11 ಗ್ರಾಂ ನಾರು ಇದೆ. ಬಿಳಿ ಅಕ್ಕಿಯಲ್ಲಿ ಕ್ಯಾಲ್ಸಿಯಂ 10 ಮಿ.ಗ್ರಾಂ. ಕೂಡ ಇಲ್ಲ. ಮೇಲಿನ ಅಳತೆಯ ಬಟ್ಟಲಿಗೆ ಹಾಲು, ಎಳ್ಳು ಸೇರಿ ಸುಮಾರು 350 ಮಿ.ಗ್ರಾಂ. ಕ್ಯಾಲ್ಸಿಯಂ ಆಯಿತು, ದೊಡ್ಡವರಿಗೆ ದಿನಕ್ಕೆ ಬೇಕಾದ 1,000 ಮಿ.ಗ್ರಾಂ.ನಲ್ಲಿ ಮೂರನೆಯ ಒಂದು ಪಾಲು. ಪ್ರೋಟೀನ್ ಹನ್ನೊಂದು ಹನ್ನೆರಡು ಗ್ರಾಂ.

ಸಕ್ಕರೆ ಕಾಯಿಲೆ ಇದ್ದವರು ರಾಗಿ ಎಂದ ಮಾತ್ರಕ್ಕೆ ಮೈಮರೆಯಬಾರದು. ಹುರಿಹಿಟ್ಟು ಬೆಂದ ಹಿಟ್ಟು, ಬೇಗ ಜೀರ್ಣವಾಗಿ ರಕ್ತದ ಸಕ್ಕರೆಯನ್ನು ಬೇಗ ಏರಿಸಬಹುದು. ಅಂಥವರು ಹಿಟ್ಟು 25 ಗ್ರಾಂಗೆ ಇಳಿಸಿ, ಬಾಳೆಹಣ್ಣು ಬಿಟ್ಟು ಸೀಬೆ ಹಾಕಿ, ಮೊಸರಲ್ಲಿ ಕಲಸಿ, ತಿಂದ ಎರಡು ಗಂಟೆಗೆ ಒಮ್ಮೆ ಪರೀಕ್ಷಿಸಿ ನೋಡಲಿ. ಐದು ವರ್ಷದೊಳಗಿನ ಮಕ್ಕಳಿಗೆ ಬೀಜ ಇಡಿಯಾಗಿ ಕೊಡಬೇಡಿ, ಗಂಟಲಿಗೆ ಸಿಕ್ಕಿಕೊಳ್ಳುತ್ತದೆ. ಪುಡಿ ಮಾಡಿ ಬೆರೆಸಿ. ಮತ್ತೆ ಬಟ್ಟಲು ಖಾಲಿಯಾದ ಕೂಡಲೇ ಕಾಫಿ ಲೋಟಕ್ಕೆ ಕೈಹಾಕುವ ನಮ್ಮ ಚಾಳಿ. ಕಾಫಿ, ಟೀ ಕಬ್ಬಿಣಾಂಶ ಮೈಗೆ ಹತ್ತದಂತೆ ತಡೆಯುತ್ತವೆ, ಒಂದು ಗಂಟೆ ತಡೆಯಿರಿ. ನನಗೆ ಇನ್ನೂ ಅರ್ಧ ಗಂಟೆ ಮೀರಿ ತಡೆಯಲಾಗಿಲ್ಲ.

ಚಳಿಗಾಲದಲ್ಲಿ ಬಿಸಿ ಬೇಕೆನಿಸಿದರೆ ನವಣೆ ಇದೆ. ಪಾಲಿಶ್ ಮಾಡದ ನವಣೆ ಅರ್ಧ ಲೋಟ ರಾತ್ರಿ ನೆನೆಸಿ, ಬೆಳಿಗ್ಗೆ ಮೂರು ಪಟ್ಟು ನೀರಿಟ್ಟು ಕುಕ್ಕರಿನಲ್ಲಿ ಮೂರು ಕೂಗು ಕೂಗಿಸಿ, ಹಾಲು ಬೆರೆಸಿ. ಇದು ಇಬ್ಬರಿಗಾಗುತ್ತದೆ. ಮೇಲಿನ ಹಣ್ಣು ಬೀಜ ಅವೇ.

ಕೊನೆಗೆ ಜರಡಿಯ ತಳದಲ್ಲಿ ಅರಳದೆ ಗಟ್ಟಿಯಾಗಿ ಉಳಿದ ಕಾಳು ಬೊಗಸೆಯಷ್ಟಾದರೂ ಇರುತ್ತದೆ. ಮರಳಿಲ್ಲದೆ ಹುರಿದದ್ದಾದರೆ ಮುದ್ದೆ ಹಿಟ್ಟಿನ ರಾಗಿಗೆ ಸೇರಿಸಿ ಮಿಷನ್‌ಗೆ ಹಾಕಿಸಿ. ಮರಳಿನದಾದರೆ ಹಿತ್ತಿಲಿಗೆ ಚೆಲ್ಲಿ, ಕೋಳಿಗಳು ಆರಿಸಿಕೊಳ್ಳುತ್ತವೆ.