ಆನೆಲಾಯದಿಂದ ಹಾಲಿವುಡ್ಡಿಗೆ: ನಟ ಸಾಬು

1937ರ ವೆನಿಸ್ ಚಿತ್ರೋತ್ಸವದಲ್ಲಿ ಮನ್ನಣೆ ಪಡೆದ ಎರಡು ಚಿತ್ರಪಟಗಳು ನಮಗೆ ಹತ್ತಿರದವು. ಒಂದು, ಇದೇ ಪುಣೆಯ ಪ್ರಭಾತ ಕಂಪನಿಯ 'ಸಂತ ತುಕಾರಾಮ'. ಇನ್ನೊಂದು, ಇಂಗ್ಲಂಡದ ಲಂಡನ್ ಫಿಲ್ಮ್ಸ್ ಕಂಪನಿಯವರು ಮೈಸೂರು ಸಂಸ್ಥಾನದಲ್ಲಿ ತೆಗೆದ 'ಎಲಿಫಂಟ್ ಬಾಯ್'. ಮೊದಲನೆಯದರ ಕೀರ್ತಿಯನ್ನು ಪುಣೆಯವರೆಲ್ಲ ಬಲ್ಲರು. ಎರಡನೆಯದರ ನಾಯಕನು ಕನ್ನಡ ನಾಡಿನ ಮಾವುತನೊಬ್ಬನ ಮಗನೆಂಬುದನ್ನು ಅರಿತವರು ಕಡಿಮೆ. ಹೊಟ್ಟೆಪಾಡಿಗಾಗಿ ಊರು ಬಿಟ್ಟು ಬಂದ ನಾವು ಅವನ ವೃತ್ತಿಜೀವನವನ್ನು ಅಭ್ಯಸಿಸುವದು ಉಪಯುಕ್ತವಾಗಿದೆ.

ಬಾಲ್ಯ

ಸಾಬು ದಸ್ತಗೀರನು 1924ರ ಜನವರಿ 27ರಂದು ಹೆಗ್ಗಡದೇವನಕೋಟೆ ತಾಲೂಕಿನ ಕಾರಾಪುರದಲ್ಲಿ ಹುಟ್ಟಿದನು. ತಂದೆ ಮೈಸೂರು ಮಹಾರಾಜರ ಸೇವೆಯಲ್ಲಿದ್ದ ಮಾವುತ. ಎಳವೆಯಲ್ಲಿಯೇ ತಾಯಿತಂದೆಯರನ್ನು ಕಳೆದುಕೊಂಡ ಹುಡುಗನಿಗೆ ಮಹಾರಾಜರ ಆನೆಲಾಯವೇ ಆಸರೆಯಾಯಿತು. ಕಿಪ್ಲಿಂಗನ ಕಥೆಯೊಂದನ್ನು ಚಿತ್ರಿಸಲು ನಿರ್ದೇಶಕ ರಾಬರ್ಟ್ ಫ್ಲಾಹರ್ಟಿಯವರು 1935ರಲ್ಲಿ ಮೈಸೂರಿಗೆ ಬಂದಾಗ, ಅವರ ಛಾಯಾಗ್ರಾಹಕ ಬೊರಡೇಲರ ಕಣ್ಣಿಗೆ ಈ ಹುಡುಗ ಬಿದ್ದನು. ಅವನಿಗೆ ನಟನೆ ತಿಳಿಯದು, ಇಂಗ್ಲಿಷ್ ತಿಳಿಯದು. ಆನೆ ಮಾತ್ರ ತಿಳಿದಿತ್ತು. ಐರಾವತವೆಂಬ ಆನೆಯ ಕೊರಳೇರಿ ಕುಳಿತ ಆ ನಿರ್ಭಯವೇ ಚಿತ್ರದ ಜೀವಾಳವಾಯಿತು. ಉಳಿದ ದೃಶ್ಯಗಳಿಗಾಗಿ ಅವನನ್ನು ಅಣ್ಣನೊಡನೆ ಇಂಗ್ಲಂಡಕ್ಕೆ ಕರೆದೊಯ್ದರು. ಅಲ್ಲಿ ಅವನು ಇಂಗ್ಲಿಷ್ ಕಲಿತನು.

ಹಾಲಿವುಡ್ಡಿನ ರೂಢಿ

1938ರಲ್ಲಿ 'ದಿ ಡ್ರಮ್' ಬಂದಿತು. ಮುಂದೆ 'ದಿ ಥೀಫ್ ಆಫ್ ಬಗ್ದಾದ್' ಅರ್ಧವಾಗಿದ್ದಾಗ ಮಹಾಯುದ್ಧ ಆರಂಭವಾಗಿ, ಚಿತ್ರದ ಕೆಲಸ ಹಾಲಿವುಡ್ಡಿಗೆ ಸಾಗಿತು, ಸಾಬುವೂ ಹೋದನು. 1942ರ 'ಜಂಗಲ್ ಬುಕ್'ದಲ್ಲಿ ಅವನು ಮೋಗ್ಲಿಯಾದನು.

ಮುಖ ನೋಡಿ ಪಾತ್ರ ಹಂಚುವದು ಹಾಲಿವುಡ್ಡಿನ ರೂಢಿ. ಇಂಗ್ಲಂಡದ ಕ್ರಿಕೆಟ್ ತಂಡದ ಕಪ್ತಾನರಾಗಿದ್ದ ಆಬ್ರೆ ಸ್ಮಿಥ್ ಅಲ್ಲಿ ಮತ್ತೆ ಮತ್ತೆ ಮುದಿ ಸೇನಾಧಿಕಾರಿಯೋ ಶ್ರೀಮಂತ ಸರದಾರನೋ ಆದರು. ಲಂಡನ್ನಿನಲ್ಲಿ ಹುಟ್ಟಿದ ವಿಲಿಯಂ ಪ್ರ್ಯಾಟ್, ಬೋರಿಸ್ ಕಾರ್ಲಾಫ್ ಎಂದು ಹೆಸರಿಟ್ಟುಕೊಂಡು 1931ರಲ್ಲಿ 'ಫ್ರಾಂಕನ್‌ಸ್ಟೈನ್'ದ ಭೂತವಾದ ಮೇಲೆ, ಭಯ ಹುಟ್ಟಿಸುವದೇ ಅವರ ಕಸುಬಾಯಿತು. ಆದರೂ ಬಿಳಿಯ ನಟನಿಗೆ ವಯಸ್ಸಾದಂತೆ ಬೇರೆ ಪಾತ್ರಗಳಿದ್ದವು. ಸಾಬುವಿಗೆ ಇದ್ದದ್ದು ಬರಿಮೈಯ ಕಾಡಿನ ಹುಡುಗ, ಇಲ್ಲವೆ ನಾಯಕನ ಪೂರ್ವದೇಶದ ಗೆಳೆಯ. ಹುಡುಗ ಬೆಳೆದನು, ಪಾತ್ರ ಬೆಳೆಯಲಿಲ್ಲ.

ಯುದ್ಧ ಮತ್ತು ಅನಂತರ

1944ರಲ್ಲಿ ಸಾಬು ಅವರು ಅಮೇರಿಕದ ನಾಗರಿಕರಾಗಿ ವಾಯುದಳ ಸೇರಿದರು. ಪೆಸಿಫಿಕ್ ಸಾಗರದ ಮೇಲೆ ಬಾಂಬು ವಿಮಾನದ ಬಾಲದಲ್ಲಿ ಬಂದೂಕು ಹಿಡಿದು ಕೂಡುವದು ಅವರ ಕೆಲಸ. ಶೌರ್ಯಕ್ಕಾಗಿ ಡಿಸ್ಟಿಂಗ್ವಿಷ್ಡ್ ಫ್ಲೈಯಿಂಗ್ ಕ್ರಾಸ್ ಪದಕ ಬಂದಿತು. ಅಲ್ಲಿ ಅವರನ್ನು ಯಾರೂ ಆನೆಯ ಮೇಲೆ ಕೂಡಿಸಲಿಲ್ಲ.

ಯುದ್ಧ ಮುಗಿದ ಮೇಲೆ 1947ರ 'ಬ್ಲ್ಯಾಕ್ ನಾರ್ಸಿಸಸ್'ದಲ್ಲಿ ಒಳ್ಳೆಯ ಪಾತ್ರವೊಂದು ದೊರೆಯಿತು. ಅನಂತರ ಚಿತ್ರಗಳು ಸಣ್ಣವಾದವು. ಲಂಡನ್ನಿನ ಸರ್ಕಸ್ಸಿನಲ್ಲಿ ಆನೆಗಳೊಡನೆ ಪ್ರದರ್ಶನ ಕೊಡುವದೂ ಆಯಿತು. ತಾಯ್ನಾಡಿನ ಬಾಗಿಲು ಒಮ್ಮೆ ತೆರೆಯುವಂತಿತ್ತು. ಮೆಹಬೂಬ ಖಾನರು 'ಮದರ್ ಇಂಡಿಯಾ'ದ ಬಿರ್ಜುವಿನ ಪಾತ್ರಕ್ಕೆ ಮೊದಲು ಇವರನ್ನು ಎಣಿಸಿದ್ದರು. ಆದರೆ ಪರದೇಶದ ನಾಗರಿಕರಿಗೆ ಇಲ್ಲಿ ಕೆಲಸದ ಪರವಾನಿಗೆ ದೊರೆಯಲಿಲ್ಲ. 1957ರಲ್ಲಿ ತೆರೆಕಂಡ ಆ ಚಿತ್ರದಲ್ಲಿ ಬಿರ್ಜುವಾದವರು ಸುನೀಲ ದತ್ತರು.

1963ರ ಡಿಸೆಂಬರ 2ರಂದು ಸಾಬು ಹೃದಯಾಘಾತದಿಂದ ತೀರಿಕೊಂಡರು. ವಯಸ್ಸು 39. ಮರುವರ್ಷ ಬಿಡುಗಡೆಯಾದ ಕೊನೆಯ ಚಿತ್ರ 'ಎ ಟೈಗರ್ ವಾಕ್ಸ್'ದಲ್ಲಿ ಅವರದು ಮತ್ತೆ ಪ್ರಾಣಿಗಳನ್ನು ಪಳಗಿಸುವ ಭಾರತೀಯನ ಪಾತ್ರ.

ತಿಳಿಯತಕ್ಕದ್ದು

ಪರಸ್ಥಳದಲ್ಲಿ ನಮ್ಮನ್ನು ಮೊದಲು ಯಾವ ಕೆಲಸಕ್ಕೆ ಕರೆಯುತ್ತಾರೋ ಅದೇ ನಮ್ಮ ಗುರುತಾಗಿಬಿಡುತ್ತದೆ. ಇಟ್ಟಿಗೆ ಹೊತ್ತವನು ಗವಂಡಿಯ ಕೆಲಸ ಬಲ್ಲನೇ, ಟಪಾಲು ಬರೆದುಕೊಳ್ಳುವ ಗುಮಾಸ್ತ ಲೆಕ್ಕ ಬಲ್ಲನೇ ಎಂದು ಯಾರೂ ಕೇಳುವದಿಲ್ಲ. ಕೇಳುವವರೆಗೆ ಸುಮ್ಮನಿದ್ದರೆ ವಯಸ್ಸು ಕಳೆಯುತ್ತದೆ. ಸಾಬು ಅವರಲ್ಲಿ ಪ್ರತಿಭೆಯ ಕೊರತೆ ಇರಲಿಲ್ಲ. ಯುದ್ಧದ ಪದಕವೇ ಅದಕ್ಕೆ ಸಾಕ್ಷಿ. ಕೊರತೆಯಿದ್ದದ್ದು ಕರೆಯುವವರ ಕಣ್ಣಿನಲ್ಲಿ. ಆ ಕಣ್ಣನ್ನು ತಿದ್ದುವದು ಒಬ್ಬನ ಕೈಯಲ್ಲಿಲ್ಲ. ಎರಡನೆಯ ಕೆಲಸ ಕಲಿತಿಟ್ಟುಕೊಳ್ಳುವದು, ಜೊತೆಗಾರನು ಬಲ್ಲದ್ದನ್ನು ನಾಲ್ಕು ಜನರಿಗೆ ತಿಳಿಸುವದು, ಇವು ನಮ್ಮ ಕೈಯಲ್ಲಿವೆ.