ಚರಿತ್ರೆಯನ್ನು ನೋಡಿ ನಗಬಹುದೇ?

ಪ್ರಶ್ನೆ: ಸೆಲ್ಲರ್ ಮತ್ತು ಯೀಟ್‌ಮನ್ ಬರೆದ ‘1066 ಅಂಡ್ ಆಲ್ ದಟ್’ ಓದಿದೆ. ಇಂಗ್ಲೆಂಡಿನ ಚರಿತ್ರೆಯನ್ನೇ ಗೇಲಿ ಮಾಡಿದ್ದಾರೆ. ಇದು ದೇಶಕ್ಕೆ ಮಾಡಿದ ಅಗೌರವವಲ್ಲವೇ?
— ಪ್ರೌಢಶಾಲಾ ಶಿಕ್ಷಕ, ಹಾಸನ ಜಿಲ್ಲೆ

ಉತ್ತರ: ಅಲ್ಲ ಮೇಷ್ಟ್ರೇ. ಅವರು ಗೇಲಿ ಮಾಡಿದ್ದು ದೇಶವನ್ನಲ್ಲ, ಶಾಲೆಯಲ್ಲಿ ಚರಿತ್ರೆ ಕಲಿಸುತ್ತಿದ್ದ ರೀತಿಯನ್ನು. ಬಾಯಿಪಾಠ ಮಾಡಿದವನ ತಲೆಯಲ್ಲಿ ಕೊನೆಗೆ ಏನು ಉಳಿದೀತು? ಕೆಲವು ಒಳ್ಳೆಯ ರಾಜರು, ಕೆಲವು ಕೆಟ್ಟ ರಾಜರು, ಎರಡೇ ಎರಡು ಇಸವಿ: ಸೀಸರ್ ಬಂದಿಳಿದ ಕ್ರಿ.ಪೂ. 55, ನಾರ್ಮನ್ನರು ಗೆದ್ದ 1066. ಆ ಕಲಸುಮೇಲೋಗರವನ್ನೇ ಅವರು ಗಂಭೀರ ಪಠ್ಯಪುಸ್ತಕದ ಧಾಟಿಯಲ್ಲಿ ಬರೆದರು. ಮೊದಲು ‘ಪಂಚ್’ ಪತ್ರಿಕೆಯಲ್ಲಿ ಬಂದದ್ದು 1930ರಲ್ಲಿ ಪುಸ್ತಕವಾಯಿತು.

1215ರ ಮ್ಯಾಗ್ನಾ ಕಾರ್ಟಾ ಎಂಬ ಹಕ್ಕುಗಳ ಸನ್ನದಿನ ಭಾಗವನ್ನು ಇನ್ನೊಮ್ಮೆ ಓದಿ. ಕೆಲವು ಹಕ್ಕುಗಳನ್ನು ಸಾರಿ, ಬೆನ್ನಿಗೇ ಜನಸಾಮಾನ್ಯರನ್ನು ಅವುಗಳಿಂದ ಹೊರಗಿಡುತ್ತಾರೆ. ನಗು ಬರುತ್ತದೆ, ಆದರೆ ಅದು ಬರೀ ತಮಾಷೆಯಲ್ಲ. ಆ ಸನ್ನದಿನ ಹೆಸರಾಂತ ರಕ್ಷಣೆ ಸಿಕ್ಕಿದ್ದು ‘ಸ್ವತಂತ್ರ’ ಪುರುಷರಿಗೆ. ಜಮೀನ್ದಾರನ ಹೊಲಕ್ಕೆ ಕಟ್ಟುಬಿದ್ದ ಲಕ್ಷಾಂತರ ಜೀತದ ರೈತರು ಅದರ ಆಚೆಗೇ ಉಳಿದರು. ಎಷ್ಟೋ ಪಠ್ಯಪುಸ್ತಕಗಳು ನುಂಗಿಕೊಂಡ ಸಂಗತಿಯನ್ನು ಈ ನಗೆಪುಸ್ತಕ ಮುಚ್ಚುಮರೆಯಿಲ್ಲದೆ ಹೇಳಿದೆ. ಪುಸ್ತಕದ ಕೊನೆಯಲ್ಲಿ ಅಮೆರಿಕ ಮೊದಲ ಸ್ಥಾನಕ್ಕೆ ಹೋದ ಕೂಡಲೇ ಚರಿತ್ರೆಯೇ ಮುಗಿದುಹೋಗುತ್ತದೆ. ತಾವು ಮೊದಲನೆಯವರಾಗಿದ್ದಷ್ಟು ಕಾಲ ಮಾತ್ರ ಅದು ಚರಿತ್ರೆ ಎಂಬ ಇಂಗ್ಲಿಷರ ದೊಡ್ಡಸ್ತಿಕೆಗೆ ಬಿದ್ದ ಪೆಟ್ಟು ಅದು. ಬರೆದ ಇಬ್ಬರೂ ಮೊದಲ ಮಹಾಯುದ್ಧದಲ್ಲಿ ಹೋರಾಡಿ ಬಂದವರೆಂಬುದನ್ನೂ ಮರೆಯಬೇಡಿ. ಅವರಿಗೆ ದೇಶದ ಮೇಲೆ ಪ್ರೀತಿಯಿಲ್ಲ ಎನ್ನಲು ನನಗಂತೂ ಬಾಯಿ ಬರುವುದಿಲ್ಲ.

ಪ್ರಶ್ನೆ: ಇಂಥ ಪುಸ್ತಕವನ್ನು ಮಕ್ಕಳ ಕೈಗೆ ಕೊಡಬಹುದೇ?
— ಗೃಹಿಣಿ, ಧಾರವಾಡ

ಉತ್ತರ: ಇದನ್ನು ಈಗಲೇ ಬೇಡ ತಾಯಿ. ನಿಜ ಸಂಗತಿ ಗೊತ್ತಿಲ್ಲದವರಿಗೆ ಇಲ್ಲಿ ನಗುವುದಕ್ಕೆ ಏನೂ ಸಿಗುವುದಿಲ್ಲ. ತಪ್ಪನ್ನೇ ಸರಿಯೆಂದು ನಂಬುವ ಅಪಾಯವೂ ಉಂಟು. ಮಕ್ಕಳಿಗೆಂದೇ ಟೆರಿ ಡಿಯರಿ 1993ರಲ್ಲಿ ‘ಹಾರಿಬಲ್ ಹಿಸ್ಟರೀಸ್’ ಮಾಲೆ ಆರಂಭಿಸಿದರು. ಅದರಲ್ಲಿಯೂ ನಗುವಿದೆ, ಆದರೆ ನಗಿಸುವುದು ನಿಜ ಸಂಗತಿಗಳೇ. ರಾಜರ ವೈಭವದ ಜೊತೆಗೆ ಪ್ಲೇಗು, ಕೊಳಚೆ, ಕ್ರೂರ ಶಿಕ್ಷೆಗಳೂ ಬರುತ್ತವೆ. ಮೊದಲು ಅದನ್ನು ಕೊಡಿ. ಓದುವಾಗ ನೀವೂ ಪಕ್ಕದಲ್ಲಿ ಕುಳಿತು, ‘ಇದು ನಿಜವಾ?’ ಎಂದು ಮಕ್ಕಳು ಕೇಳಿದಾಗಲೆಲ್ಲ ಅವರ ಜೊತೆ ಪಠ್ಯಪುಸ್ತಕ ತೆರೆದು ನೋಡಿ.